ಒಳಗಿನಿಂದ ಮೂರು ಸಲ

ಕರೆಂಟು ಹೋಗಿದ್ದು ಒಳ್ಳೇದೇ ಆಯ್ತು. ಆ ಫೋನಿನ ಬೆಳಕೂ ಆರಿಸಿಬಿಡಿ. ಇದನ್ನ ಬೆಳಕಲ್ಲಿ ಹೇಳಿದ್ರೆ ನೀವು ನಗ್ತೀರಿ, ಆಮೇಲೆ ನಂಗೆ ಸಿಟ್ಟು ಬರುತ್ತೆ.

ಪಾಲಾಕ್ಷ ನನ್ನ ದೊಡ್ಡಪ್ಪನ ಮಗ. ದುದ್ದದಿಂದ ಎರಡು ಮೈಲಿ ಒಳಗೆ ಅವನ ಊರು. ಕುಡಿಯೋನಲ್ಲ. ಕತೆ ಕಟ್ಟೋ ಬುದ್ಧಿ ಅವನಿಗೆ ಇಲ್ಲವೇ ಇಲ್ಲ. ವಂಶದಲ್ಲಿದ್ದ ಅಷ್ಟೂ ನನಗೇ ಬಂದಿದೆ ಅಂತಾಳೆ ನನ್ನ ಹೆಂಡತಿ. ಅನ್ನಲಿ. ಇದು ಅವನಿಗೆ ಆಗಿದ್ದು, ಹೋದ ವರ್ಷದ ಮಹಾಲಯ ಅಮಾವಾಸ್ಯೆ ರಾತ್ರಿ.

ಹಾಸನದಿಂದ ಬಂದ ಬಸ್ಸಿಳಿದು ಒಬ್ಬನೇ ನಡಕೊಂಡು ಬರ್ತಾ ಇದ್ದ. ಕೈಯಲ್ಲೊಂದು ಕವರು. ಅದರಲ್ಲಿ ಹೊಸ ಪಂಚೆ, ಟವಲು, ಒಂದು ಕಟ್ಟು ಬೀಡಿ. ಹಿರಿಯರಿಗೆ ಎಡೆ ಇಡೋಕೆ ಮನೇಲಿ ಎಲ್ಲರೂ ಅವನಿಗೇ ಕಾಯ್ತಾ ಇದ್ರು. ಊರಿಗೆ ಮೊದಲೇ, ಅವರದೇ ಹೊಲದಲ್ಲಿ, ಒಂದು ಹಳೇ ಬಾವಿ ಸಿಗುತ್ತೆ. ನೀರು ಬತ್ತಿ ಇಪ್ಪತ್ತು ವರ್ಷ. ಅದರ ಪಕ್ಕ ಬರುವಾಗ…

ಟಕ್… ಟಕ್… ಟಕ್.

ನಿಂತ. ಹಾರೆ ಕಲ್ಲಿಗೆ ತಾಗಿದ್ರೆ ಠಣ್ ಅನ್ನುತ್ತೆ. ಕಪ್ಪೆ, ಹಲ್ಲಿ ಎಲ್ಲಾ ಅವನಿಗೆ ಗೊತ್ತು. ಇದು ಬೆರಳ ಗೆಣ್ಣಿನಿಂದ ಹಲಗೆ ತಟ್ಟಿದ ಸದ್ದು. ಬಾವಿಯ ತಳದಿಂದ. ಯಾರೋ ಬಿದ್ದಿರಬೇಕು ಅಂತ ಬಗ್ಗಿ, 'ಯಾರ್ಲಾ ಅದು?' ಅಂದ. ಟಾರ್ಚು ಬಿಟ್ಟ. ಒಣಗಿದ ಎಲೆ, ಹರಿದ ಗೊಬ್ಬರದ ಚೀಲ, ಅಷ್ಟೆ. ಅದೇನು ತೋಚಿತೋ, ಒಂದು ಕಲ್ಲು ತಗೊಂಡು ಬಾವಿಕಟ್ಟೆಗೆ ಮೂರು ಸಲ ಕುಟ್ಟಿದ.

ಕೆಳಗಿಂದ ಮೂರು ಸಲ ಬಂತು.

ಐವತ್ತೆಂಟು ವರ್ಷದ ಮನುಷ್ಯ, ಚಪ್ಪಲಿ ಕೈಲಿ ಹಿಡ್ಕೊಂಡು ಓಡಿದ. ಮನೇಲಿ ಯಾರಿಗೂ ಹೇಳಲಿಲ್ಲ. ಹೇಳಿದ್ರೆ ಹೆಂಡತಿ ನಗ್ತಾಳೆ ಅಂತ.

ಇಲ್ಲಿ ಸ್ವಲ್ಪ ಹಿಂದಕ್ಕೆ ಹೋಗಬೇಕು.

ಪಾಲಾಕ್ಷನ ತಾಯಿ ನಂಜಮ್ಮ, ನನಗೆ ದೊಡ್ಡಮ್ಮ. ಎಂಬತ್ತೈದು ವರ್ಷ. ದೊಡ್ಡಪ್ಪ ಮನೆ ಅಳಿಯ, ಹಾಗಾಗಿ ಆ ಮನೆ, ಹೊಲ ಎಲ್ಲಾ ಅವಳ ತವರಿನದು. ಆ ಬಾವಿ ತೋಡಿದವನು ಅವಳಪ್ಪ ತಮ್ಮಯ್ಯ. ಮೈಸೂರು ಮಹಾರಾಜರ ಸೈನ್ಯಕ್ಕೆ ಸೇರಿ ನಲವತ್ತೊಂದರಲ್ಲಿ ಸಿಂಗಪೂರಕ್ಕೆ ಹೋದ. ಹೊರಟ ದಿನ ಎಂಟು ತಿಂಗಳ ನಂಜಮ್ಮ ಅಂಬೆಗಾಲಿಟ್ಟು ಅವನ ಹಿಂದೆಯೇ ಹೊಸ್ತಿಲ ತನಕ ಹೋದಳಂತೆ. ಅವನು ತಿರುಗಿ ಬಂದು, ಎತ್ತಿ ಒಳಗೆ ಬಿಟ್ಟು, ಮತ್ತೆ ಬರದಿರಲಿ ಅಂತ ಹೊರಗಿಂದ ಚಿಲಕ ಹಾಕಿ ಹೋದ. 'ನೀನು ಒಳಗಿಂದ ಬಾಗ್ಲು ಬಡೀತಾನೇ ಇದ್ದೆ ಕಣೆ' ಅಂತ ಅವಳವ್ವ ಹೇಳ್ತಿದ್ದಳು. ನಂಜಮ್ಮನಿಗೆ ಅಪ್ಪ ಅಂದ್ರೆ ಅಷ್ಟೇ. ಮುಖ ಗೊತ್ತಿಲ್ಲ. ಮುಚ್ಚಿದ ಒಂದು ಬಾಗಿಲು.

ಸಿಂಗಪೂರ ಜಪಾನಿನವರ ಕೈಗೆ ಬಿತ್ತು. ಸೆರೆಸಿಕ್ಕ ನಮ್ಮವರಲ್ಲಿ ಕೆಲವರನ್ನ ಹಡಗಿಗೆ ತುಂಬಿ, ಪೆಸಿಫಿಕ್ ಸಾಗರದಲ್ಲಿ ತಾವು ಹಿಡಿದಿದ್ದ ಒಂದು ದ್ವೀಪಕ್ಕೆ ಸಾಗಿಸಿದರು. ಬೆಂಕಿ ಉಗುಳೋ ಬೆಟ್ಟ, ನೆಲವೆಲ್ಲ ಬೂದಿ. ಮೇಲಿಂದ ಬಾಂಬು ಬೀಳ್ತಿತ್ತಲ್ಲ, ಅಡಗೋಕೆ ಜಪಾನಿನವರಿಗೆ ಸುರಂಗ ಬೇಕಿತ್ತು. ದ್ವೀಪದ ಜನರನ್ನೂ ಸೆರೆಯವರನ್ನೂ ಒಟ್ಟಿಗೆ ಅಗೆಯೋಕೆ ಹಚ್ಚಿದರು. ಬಾವಿ ತೋಡಿದ ಕೈ ಅಲ್ವಾ, ತಮ್ಮಯ್ಯನನ್ನ ಎಲ್ಲರಿಗಿಂತ ಮುಂದೆ ಬಿಟ್ಟರು. ಒಂದು ದಿನ ಅವನ ಹಿಂದೆ ಸುರಂಗ ಕುಸೀತು.

ಯುದ್ಧ ಮುಗಿದ ಮೇಲೆ ಅರಕಲಗೂಡಿನ ಕಡೆಯವನೊಬ್ಬ ಮೂಳೆ ಚಕ್ಕಳವಾಗಿ ವಾಪಸ್ ಬಂದ. ಪಾಲಾಕ್ಷ ಈಗಿರೋ ಮನೆ ಜಗಲಿ ಮೇಲೇ ಕೂತು ತಮ್ಮಯ್ಯನ ಹೆಂಡತಿಗೆ ಹೇಳಿದ.

'ಒರಗಿಂದ ಮೂರು ಸಲ ತಟ್ದೋ ಕಣವ್ವ. ಒಳಗಿಂದ ಮೂರು ಸಲ ಬಂತು. ಬದುಕವ್ನೆ ಅಂತ ಮಣ್ಣು ತೆಗ್ಯಕ್ಕೆ ಓದೋ… ಬಿಡ್ನಿಲ್ಲ. ಬಂದೂಕ ತೋರ್ಸಿ ಬ್ಯಾರೆ ಕಡೀಕೆ ಅಟ್ಟುದ್ರು. ಎಲ್ಡು ದಿನ ತಟ್ತಾನೇ ಇದ್ದ.'

ಆ ತಾಯಿ ಸಾಯೋ ತನಕ ಕುಂಕುಮ ಅಳಿಸಲಿಲ್ಲ. ಗಂಡನಿಗೆ ಎಡೆ ಇಡೋಕೂ ಬಿಡಲಿಲ್ಲ. 'ತಟ್ತಾ ಇದ್ದೋನ್ನ ಸತ್ತ ಅಂತ ಎಂಗನ್ಲಿ?' ಅಂದಳು. ಎಂಬತ್ತು ವರ್ಷ ತಮ್ಮಯ್ಯ ಇದ್ದವರ ಜೊತೆಗೂ ಇಲ್ಲ, ಸತ್ತವರ ಜೊತೆಗೂ ಇಲ್ಲ.

ಹೋದ ವರ್ಷ ಪಾಲಾಕ್ಷನ ಮಗ ಹರ್ಷವರ್ಧನ್ ಫೋನಿನಲ್ಲಿ ಅದೇನೋ ಹುಡುಕ್ತಾ, ಆ ದ್ವೀಪದಲ್ಲಿ ಸತ್ತ ಸೈನಿಕರ ಪಟ್ಟಿಯಲ್ಲಿ ಮುತ್ತಾತನ ಹೆಸರು ಕಂಡ. ಹೆಸರಿತ್ತು, ಗೋರಿ ಇರಲಿಲ್ಲ. ನಂಜಮ್ಮ ಕನ್ನಡಕ ಹಾಕ್ಕೊಂಡು ಬಹಳ ಹೊತ್ತು ನೋಡಿದಳು.

'ಈ ಸಲ ನಮ್ಮಪ್ಪುಂಗೂ ಒಂದು ಎಲೆ ಆಕ್ರಪ್ಪ. ನಾ ಓಗಾದ್ರೊಳಗೆ ಅವ್ನು ಮನೇಗ್ ಬರ್ಲಿ' ಅಂದಳು. ಬೇರೆ ಆಸೆ ಅವಳಿಗೆ ಉಳಿದಿರಲಿಲ್ಲ.

ಪದ್ಧತಿ ನಿಮಗೆ ಗೊತ್ತಲ್ಲ. ಕೋಣೇಲಿ ಎಡೆ ಇಟ್ಟು, ಹಿರಿಯರ ಹೆಸರು ಕರೆದು, ಬಾಗಿಲು ಹಾಕ್ಕೊಂಡು ಹೊರಗೆ ಕೂರ್ತೀವಿ. ಆಮೇಲೆ ಮೂರು ಸಲ ತಟ್ಟಿ ತೆಗೀತೀವಿ. ಉಣ್ಣೋರು ಎದ್ದು ಹೋಗಲಿ, ಮುಖಾಮುಖಿ ಆಗೋದು ಬೇಡ ಅಂತ. ಮುಖಾಮುಖಿ ಆದ್ರೆ ಒಬ್ಬರನ್ನ ಜೊತೇಲಿ ಕರ್ಕೊಂಡು ಹೋಗ್ತಾರೆ ಅನ್ನೋ ಮಾತಿದೆ.

ಅವತ್ತು ಆರು ಎಲೆ. ಆರನೇದು ತಮ್ಮಯ್ಯಂದು. ಮುದ್ದೆ, ಮಾಂಸದ ಸಾರು, ವಡೆ, ಬೀಡಿ, ಒಂದು ಚೊಂಬು ನೀರು. ಪಾಲಾಕ್ಷ ಎಲ್ಲರ ಹೆಸರೂ ಕರೆದು, ಬಾಗಿಲೆಳೆದು ಹೊರಗಿಂದ ಚಿಲಕ ಹಾಕಿದ. ಅರ್ಧ ಗಂಟೆ ಕೂತರು. ಎದ್ದು ತಟ್ಟಿದ.

ಟಕ್, ಟಕ್, ಟಕ್.

ಒಳಗಿನಿಂದ… ಟಕ್… ಟಕ್… ಟಕ್.

'ಇಲಿ ಇರ್ಬೇಕು' ಅಂತ ಪಿಸುಗುಟ್ಟಿದಳು ಅವನ ಹೆಂಡತಿ ದಾಕ್ಷಾಯಣಮ್ಮ. ಇಲಿ ಎಣಿಸಿಕೊಂಡು ತಟ್ಟುತ್ಯೇ? ಅವಳಿಗೂ ಗೊತ್ತಿತ್ತು.

ಪಾಲಾಕ್ಷ ಚಿಲಕದ ಮೇಲೆ ಕೈ ಇಟ್ಕೊಂಡೇ ನಿಂತ. ತೆಗೆಯಲಿಲ್ಲ.

'ತೆಗೀಲಾ' ಅಂದಳು ನಂಜಮ್ಮ.

'ಸುಮ್ಕಿರವ್ವ. ಅವ್ನು ಬಂದಿರಾದು ನಿನ್ ಸಲ್ವಾಗೆ. ನಿನ್ನ ಕರ್ಕಂಡೋಯ್ತನೆ.'

ಅಲ್ಲಿಗೆ ನಾಲ್ಕೂ ಜನ ಸಿಕ್ಕಿಹಾಕ್ಕೊಂಡರು. ಎಡೆ ಎತ್ತದೆ ಯಾರೂ ಉಣ್ಣೋ ಹಾಗಿಲ್ಲ. ಮನೆ ಬಿಟ್ಟು ಹೋಗೋಣ ಅಂದ್ರೆ ದಾರಿಯಲ್ಲಿ ಬಾವಿ, ಪಾಲಾಕ್ಷ ಒಪ್ಪಲಿಲ್ಲ. ಮುಂಬಾಗಿಲು ತೆರೆದೇ ಇತ್ತು, ಆದ್ರೂ ಉಸಿರಾಡೋಕೆ ಗಾಳಿ ಸಾಲದು ಅನ್ನಿಸ್ತಿತ್ತಂತೆ. ವಾಸನೆ ಬೇರೆ… ಒಲೆ ಬೂದಿಗೆ ನೀರು ಚೆಲ್ಲಿದ ವಾಸನೆ. ಹರ್ಷ ಅಂಗಿ ಗುಂಡಿ ಬಿಚ್ಚಿ ಗೋಡೆಗೆ ಒರಗಿಬಿಟ್ಟ. ಸ್ವಲ್ಪ ಹೊತ್ತು ಸುಮ್ಮನಿರುತ್ತೆ. ಹೋಯ್ತಪ್ಪ ಅಂದ್ಕೊಳ್ಳೋ ಹೊತ್ತಿಗೆ… ಟಕ್… ಟಕ್… ಟಕ್. ಸದ್ದು ಬಾಗಿಲಿನ ಮೇಲ್ಗಡೆಯಿಂದ ಅಲ್ಲ. ಕೆಳಗಿಂದ. ನೆಲದಿಂದ ಒಂದು ಗೇಣು ಮೇಲೆ.

ಹನ್ನೆರಡಾಯ್ತು. ಒಂದಾಯ್ತು. ತಟ್ಟೋದು ಮೆಲ್ಲಗಾಯ್ತು. ಆಮೇಲೆ ಒಂದು ಸಲ… ಎರಡೇ ಬಂತು.

ನಂಜಮ್ಮ ಗೋಡೆ ಹಿಡ್ಕೊಂಡು ಎದ್ದಳು.

'ಎಲ್ಡಕ್ಕೆ ಬಂತು ಕಣ್ಲಾ' ಅಂದಳು. 'ಆವಾಗ ಬಂದೂಕ ಅಡ್ಡ ಇತ್ತು, ತೆಗೀನಿಲ್ಲ. ಈಗ ಯಾರ್ಲಾ ಅಡ್ಡ ಇರಾದು? ನೀನಾ?'

ಪಾಲಾಕ್ಷ ಅಂಥ ಗಟ್ಟಿ ಆಳು, ಗೊಳೋ ಅಂತ ಅತ್ತುಬಿಟ್ಟ. ಕೈ ತೆಗೆದು ಪಕ್ಕಕ್ಕೆ ಸರಿದ. ಅವಳೇ ಚಿಲಕ ಎಳೆದಳು. ಕಟ್… ಕಿರ್ರ್… ಒಳಗೆ ದೀಪ ಆರಿತ್ತು.

'ಅಪ್ಪಾ' ಅಂದಳು. ಅವಳು ಹಾಗೆ ಕೂಗಿ ಕರೆದಿದ್ದನ್ನ ಅವರು ಕೇಳಿದ್ದು ಅದೇ ಮೊದಲು. 'ಬಾರಪ್ಪ. ಬಾಗ್ಲು ತೆಗ್ದೀವ್ನಿ.'

ಒಳಗೆ ಹೋದಳು. ತಿರುಗಿ ಬಂದಳು. ನಡು ಬಗ್ಗಿಸ್ಕೊಂಡು, ಬಲಗೈಯನ್ನ ಮಂಡಿಗಿಂತ ಕೆಳಗೆ ಇಳಿಬಿಟ್ಕೊಂಡು. ಅವಳ ಬೆನ್ನೇ ಬಗ್ಗಿದ್ದು, ಅದಕ್ಕೇ ಹಾಗೆ ಅಂದ್ಕೊಂಡ ಪಾಲಾಕ್ಷ. ಹೆಜ್ಜೆ ಸದ್ದು ಕೇಳಲಿಲ್ಲ. ಬರೀ ಸರ್ರ್… ಸರ್ರ್… ನೆಲದ ಮೇಲೆ ಬಟ್ಟೆ ಎಳೆದ ಹಾಗೆ. ಅವರ ಮುಂದೆಯೇ ಹಾದು, ಹೊಸ್ತಿಲು ದಾಟಿ, ಅಂಗಳಕ್ಕೆ ಇಳಿದಳು. ಹಿಂದೆ ಹೋಗೋ ಧೈರ್ಯ ಒಬ್ಬರಿಗೂ ಬರಲಿಲ್ಲ. ಸ್ವಲ್ಪ ಹೊತ್ತಿಗೆ ವಾಪಸ್ ಬಂದು ಮಂಚದ ಮೇಲೆ ಮಲಗಿದಳು. ಗೊರಕೆ ಹೊಡೆದಳು.

ಬೆಳಿಗ್ಗೆ ಹಬ್ಬದೂಟಕ್ಕೆ ಅಂತ ನಾನು ಹೋದೆ. ಪಾಲಾಕ್ಷ ಕೈ ಹಿಡಿದು ಒಳಗೆ ಕರ್ಕೊಂಡು ಹೋದ. ಆರೂ ಎಲೆ ಇಟ್ಟ ಹಾಗೇ ಇದ್ದವು. ಆರನೇ ಎಲೆ ಪಕ್ಕದ ಚೊಂಬಲ್ಲಿ ಒಂದು ಹನಿ ನೀರಿಲ್ಲ. ಕೋಣೆಯಿಂದ ಹೊಸ್ತಿಲ ತನಕ, ಆ ಕೆಂಪು ಗಾರೆ ನೆಲದ ಮೇಲೆ, ಬೂದಿ ಬಣ್ಣದ ಗುರುತು. ಎರಡು ಅಂಗೈ, ಎರಡು ಮಂಡಿ. ಎರಡು ಅಂಗೈ, ಎರಡು ಮಂಡಿ. ದೊಡ್ಡ ಗಂಡಸಿನದು. ಅಂಗಳ ದಾಟಿ, ಬಾವಿ ಕಡೆಯ ದಾರಿಯಲ್ಲಿ ಇಬ್ಬನಿಗೆ ಅಳಿಸಿಹೋಗಿತ್ತು.

ನಂಬೋದು ಬಿಡೋದು ನಿಮಗೆ. ನಂಜಮ್ಮ ಇವತ್ತಿಗೂ ಗಟ್ಟಿಯಾಗಿದ್ದಾಳೆ, ಹೋಗಿ ಕೇಳಿ. ಆ ರಾತ್ರಿ ಅವಳು ನಡೆದಿದ್ದನ್ನ ಮೂವರು ಕಂಡಿದ್ದಾರೆ. ಆದ್ರೆ ಅವಳ ಪಾದದ ಗುರುತು ಒಂದೂ ಇರಲಿಲ್ಲ. ದೊಡ್ಡ ಗುರುತಿಗೆ ಅಂಟಿಕೊಂಡ ಹಾಗೆ ಇನ್ನೊಂದು ಸಾಲು ಹೋಗಿತ್ತು. ಪುಟ್ಟ ಅಂಗೈ, ಪುಟ್ಟ ಮಂಡಿ. ನಾನೇ ಬಗ್ಗಿ ಬೆರಳಿಟ್ಟು ಅಳೆದೆ, ಮೂರು ಬೆರಳಗಲ. ಆ ಮನೇಲಿ ಅಂಬೆಗಾಲಿಡೋ ಮಗು ಇಲ್ಲ. ಆ ಪುಟ್ಟ ಸಾಲು ಹೊಸ್ತಿಲು ದಾಟಿ, ಅಂಗಳದ ಕೊನೆ ತನಕ ಹೋಗಿ, ಅಲ್ಲಿಂದ ತಿರುಗಿ ಒಂದೇ ವಾಪಸ್ ಬಂದಿತ್ತು, ನಂಜಮ್ಮನ ಮಂಚದ ಕಾಲ ಹತ್ತಿರಕ್ಕೆ.