ತಡೆಮನೆಯ ಕಿಂಡಿ

ಹತ್ತಿರ ಬನ್ನಿ, ಜೋರಾಗಿ ಹೇಳೋಕಾಗಲ್ಲ. ಒಳಗೆ ಮಲಗಿರೋರು ಎದ್ದುಬಿಡ್ತಾರೆ.

ಇದು ಯಾರಿಗೋ ಎಲ್ಲೋ ಆಯ್ತಂತೆ ಅನ್ನೋ ಕತೆಯಲ್ಲ. ನಮ್ಮ ದೊಡ್ಡಮ್ಮನ ಮಗಳು, ನಾನು ಅಕ್ಕ ಅಂತೀನಲ್ಲ, ಅವಳಿಗೂ ಅವಳ ಗಂಡ ನಮ್ಮ ಭಾವನಿಗೂ ಆಗಿದ್ದು. ಇಬ್ಬರೂ ಇದ್ದಾರೆ, ಬೇಕಾದರೆ ಹೋಗಿ ಕೇಳಿ. ಅಕ್ಕ ಹೇಳ್ತಾಳೆ. ಭಾವ ಹೇಳಲ್ಲ... ಎದ್ದು ಹೋಗ್ತಾರೆ.

ಭಾವನದು ಕ್ಷೌರದ ಅಂಗಡಿ. ಪಕ್ಕದಲ್ಲೇ ಅಕ್ಕನ ಹೊಲಿಗೆ ಅಂಗಡಿ. ನಡುವೆ ಒಂದು ಹಲಗೆಯ ಗೋಡೆ ಅಷ್ಟೇ. ಇವರು ಈ ಕಡೆ ಕತ್ತರಿ ಆಡಿಸ್ತಾ ತಮಾಷೆ ಮಾಡಿದರೆ, ಅವಳು ಆ ಕಡೆ ಮೆಷಿನ್ನು ತುಳೀತಾ ನಗೋಳು. ಭಾವನ ಬಾಯಿ ಹೇಗೆ ಅಂದರೆ, ತಲೆ ಬಗ್ಗಿಸಿ ಕೂತ ಗಿರಾಕಿ ತಲೆ ಎತ್ತೋ ಹೊತ್ತಿಗೆ ಅರ್ಧ ಊರಿನ ಸುದ್ದಿ ಅವನ ಕಿವಿಗೆ ಬಿದ್ದಿರೋದು. ಆದರೆ ಮನುಷ್ಯ ಮಹಾ ಪುಕ್ಕಲ. ಕತ್ತಲಲ್ಲಿ ಬೆಕ್ಕು ನೆಗೆದರೂ ಅಕ್ಕನ ಬೆನ್ನ ಹಿಂದೆ ಸೇರಿಕೊಳ್ಳೋರು.

ಮೊಬೈಲು ಎಲ್ಲರ ಕೈಗೂ ಬರೋಕೆ ಮುಂಚಿನ ಮಾತು ಇದು. ಒಂದು ದಿನ ಮುಸ್ಸಂಜೆ, ಇಬ್ಬರೂ ಅಂಗಡಿ ಮುಚ್ಚಿ ಬಂದರಿನ ಪಕ್ಕದ ರಸ್ತೇಲಿ ಮನೆಗೆ ಬರ್ತಿದ್ದರು. ಅಕ್ಕನಿಗೆ ಬೆಳಗ್ಗೆಯಿಂದ ಮೈ ಸರಿ ಇರಲಿಲ್ಲ. ಪಕ್ಕದ ಬೀದಿ ಹುಡುಗಿಯ ಮದುವೆ ಉಡುಪು ಅರ್ಧ ಹೊಲಿದು ಇಟ್ಟಿದ್ದಳು. ಜ್ವರ ಅಂತ ಬಾಯಿ ಬಿಟ್ಟರೆ ಗಂಡ ಮೆಷಿನ್ನಿಗೆ ಬೀಗ ಹಾಕ್ತಾರೆ ಅಂತ ಸುಮ್ಮನಿದ್ದಳು. ನಡೀತಾ ನಡೀತಾ ಕಾಲು ಸೋತು ಬಂತು. ಸರಿಯಾಗಿ ಅಲ್ಲಿ... ತಡೆಮನೆ.

ತಡೆಮನೆ ಅಂದರೆ ಹಳೇ ಕಾಲದ ಕಲ್ಲಿನ ಕಟ್ಟಡ. ಆಗೆಲ್ಲ ಹಡಗಲ್ಲಿ ಬಂದೋರನ್ನ ನೇರ ಊರೊಳಗೆ ಬಿಡ್ತಿರಲಿಲ್ಲ. ಜ್ವರಗಿರ ಇದೆಯಾ ಅಂತ ನೋಡೋತನಕ ಅಲ್ಲಿ ತಡೆದು ಇಡ್ತಿದ್ದರು. ಆಮೇಲೆ ಎಷ್ಟೋ ಕಾಲ ಹಾಳು ಬಿದ್ದಿತ್ತು. ಕೊನೆಗೆ ಊರಿನವರೇ ಸೇರಿ ಸುಣ್ಣ ಬಳಿದು, ಕೆಳಗೆ ಮ್ಯೂಸಿಯಂ ಮಾಡಿದರು. ಮೇಲೆ ಚಿತ್ರ ಬರೆಯೋದು, ಮಣ್ಣಿನ ಕೆಲಸ ಅಂತ ಏನೇನೋ ಕ್ಲಾಸು ನಡೆಸ್ತಿದ್ದರು. ಅಂಗಳದಲ್ಲಿ ಒಂದು ಬಾವಿ, ಬಾವಿ ಬಾಯಿಗೆ ಕಬ್ಬಿಣದ ಜಾಲರಿ.

"ರೀ, ಒಂದು ಗಳಿಗೆ ಒಳಗೆ ಹೋಗಿ ನೋಡಿ ಬರೋಣ" ಅಂದಳಂತೆ ಅಕ್ಕ. ಅವಳಿಗೆ ಬೇಕಾಗಿದ್ದು ಕೂರೋಕೆ ಒಂದು ಜಾಗ.

"ಇಷ್ಟು ವರ್ಷ ಇಲ್ದಿರೋ ಜ್ಞಾನದಾಹ ಇವತ್ತೇನು?" ಅಂತ ಭಾವ ರೇಗಿಸಿದರು. ಆದರೂ ಹೋದರು. ದೀಪ ಉರೀತಿತ್ತು, ಮೇಲಿಂದ ಜನರ ಸದ್ದು ಬರ್ತಿತ್ತು, ಇನ್ನೇನು ಭಯ?

ಬಾಗಿಲಲ್ಲಿ ಕಾವಲಿನ ಅಜ್ಜ ಕೂತಿದ್ದ. ಒಳ್ಳೇ ಮಾತುಗಾರ. ಭಾವನಿಗೆ ಸರಿಯಾದ ಜೋಡಿ. ಎದ್ದು ಬಂದು ತಾನೇ ಎಲ್ಲ ತೋರಿಸಿದ. ಹಡಗಿನ ಹಗ್ಗ, ತಾಮ್ರದ ಗಂಟೆ, ಯಾರೋ ಬಿಟ್ಟುಹೋದ ಮಕ್ಕಳ ಬೂಟು. ಆಮೇಲೆ ಒಂದು ಉದ್ದ ಪಡಸಾಲೆ. ಎರಡೂ ಕಡೆ ಸಾಲಾಗಿ ಸಣ್ಣ ಸಣ್ಣ ಕೋಣೆ. ಪ್ರತಿ ಬಾಗಿಲಲ್ಲೂ ಸೊಂಟದ ಎತ್ತರಕ್ಕೆ ಒಂದು ಚೌಕದ ಕಿಂಡಿ.

"ಈ ಕಿಂಡಿ ಊಟ ಕೊಡೋಕಾ ಅಜ್ಜಾ?"

"ಊಟಕ್ಕೂ ಹೌದು. ನಾಡಿ ನೋಡೋಕೂ ಹೌದು. ಡಾಕ್ಟ್ರು ಒಳಗೆ ಕಾಲಿಡ್ತಿರಲಿಲ್ಲ, ಅಂಟಬಾರದು ಅಂತ ಬೆರಳು ವಿನೆಗರಲ್ಲಿ ಅದ್ದಿಕೊಂಡು ಹೊರಗೇ ನಿಲ್ಲೋರು. ಒಳಗಿದ್ದೋರು ಇಲ್ಲಿಂದ ಕೈ ಹೊರಗೆ ಚಾಚಬೇಕು. ಜ್ವರ ಇಲ್ಲ ಅಂದರೆ ಬಿಡುಗಡೆ. ಇದ್ದರೆ..." ಅಜ್ಜ ಬಾಗಿಲ ಹೊರಮೈ ಸವರಿ ತೋರಿಸಿದ. "ಇಲ್ಲಿ ನೋಡಿ, ತೂತು. ದಪ್ಪ ಚಿಲಕ ಇತ್ತು. ಮ್ಯೂಸಿಯಂ ಮಾಡುವಾಗ ಎಲ್ಲಾ ಕಿತ್ತು ಹಾಕಿಸಿದ್ರು. ನೋಡೋಕೆ ಬರೋ ಮಕ್ಕಳು ಆಟಕ್ಕೆ ಹಾಕಿಕೊಂಡರೆ ಏನು ಗತಿ ಅಂತ."

ಅಷ್ಟರಲ್ಲಿ ಹೊರಬಾಗಿಲ ಹತ್ತಿರ ಯಾರೋ ಕರೆದರು. ಅಜ್ಜ ಹೋದ. ಇವರು ಕೊನೇ ಕೋಣೆಗೆ ಹೋದರು. ಅಲ್ಲಿ ಹಳೇ ಕಾಲದ ಹಾಗೇ ಒಂದು ಕಬ್ಬಿಣದ ಮಂಚ, ಮೇಲೆ ಒಂದು ಬೂದು ಕಂಬಳಿ. ಕಿಟಕಿ ಇಲ್ಲ. ಅಕ್ಕ ಮೆಲ್ಲಗೆ ಮಂಚದ ಅಂಚಿಗೆ ಕೂತಳು. ಮೇಲಿನ ಮಹಡೀಲಿ ಯಾರೋ ಮಣ್ಣು ಹದ ಮಾಡ್ತಿದ್ದರು. ಧಪ್... ಧಪ್... ಧಪ್...

"ಮುಟ್ಟಬಾರದು ಅಂತ ಬೋರ್ಡಿದೆ ಕಣೇ, ನೀನು ಕೂತೇ ಬಿಟ್ಟೆಯಲ್ಲ" ಅಂದರು ಭಾವ.

ಧಪ್... ಧಪ್...

ನಿಂತುಹೋಯ್ತು.

ದೀಪ ಹೋಯ್ತು. ಬಾಗಿಲು ತಾನಾಗೇ ಬಂದು ಕೂತಿತು. ಬಡಿದುಕೊಳ್ಳಲಿಲ್ಲ ನೋಡಿ, ಮಲಗಿರೋರಿಗೆ ಎಚ್ಚರ ಆಗಬಾರದು ಅಂತ ಯಾರೋ ಹಾಕಿದ ಹಾಗೆ ಮೆತ್ತಗೆ. ಆಮೇಲೆ ಹೊರಗಡೆಯಿಂದ... ಕಿರ್‍ರ್‍ರ್... ಟಕ್.

ಚಿಲಕ.

ಭಾವ ಹೋಗಿ ಭುಜ ಕೊಟ್ಟು ನೂಕಿದರು. ಅಲ್ಲಾಡಲಿಲ್ಲ. "ಅಜ್ಜಾ! ಓ ಅಜ್ಜಾ! ನಾವಿನ್ನೂ ಒಳಗಿದೀವಿ!" ಅಂತ ಕೂಗಿದರು. ಕೂಗು ಆ ಕೋಣೆ ಬಿಟ್ಟು ಹೊರಗೆ ಹೋಗ್ಲೇ ಇಲ್ಲ ಅಂತಾಳೆ ಅಕ್ಕ. ಹಾಸಿಗೆಯಲ್ಲಿ ಮುಖ ಇಟ್ಟು ಕೂಗಿದ ಹಾಗೆ ಇತ್ತಂತೆ.

"ಚಿಲಕ ಇಲ್ಲ ಅಂದನಲ್ಲೇ ಅಜ್ಜ..." ಭಾವ ಪಿಸುಗುಟ್ಟಿದರು.

"ಶ್... ಸುಮ್ಮನಿರಿ."

ಪಡಸಾಲೆಯ ಆ ತುದಿಯಲ್ಲಿ ಹೆಜ್ಜೆ. ಚರ್ಮದ ಅಟ್ಟೆಯ ಚಪ್ಪಲಿ ಕಲ್ಲಿನ ಮೇಲೆ ಎಳೆದ ಹಾಗೆ. ಸರ್... ಸರ್... ನಿಲ್ಲೋದು. ಏನೋ ಮಾತು. ಮತ್ತೆ ಸರ್... ಸರ್... ಒಂದೊಂದು ಬಾಗಿಲಿಗೂ ನಿಂತು ನಿಂತು ಬರ್ತಿತ್ತು. ಹತ್ತಿರ ಬಂದ ಹಾಗೆಲ್ಲ ಒಂದು ಹುಳಿ ವಾಸನೆ. ಅಡುಗೆ ಹುಳಿಯಲ್ಲ, ಮೂಗಿಗೆ ಚುರ್ ಅನ್ನೋ ಹುಳಿ. ಕೊನೆಗೆ ಇವರ ಬಾಗಿಲ ಮುಂದೆ ನಿಂತಿತು. ಕಿಂಡಿಯ ಹಲಗೆ ಪಕ್ಕಕ್ಕೆ ಸರಿಯಿತು. ಆ ಚೌಕದಲ್ಲಿ ಹಳದಿ ಬೆಳಕು.

"ಕೈ ಕೊಡಿ."

ಗಂಡಸಿನ ದನಿ. ಸಿಟ್ಟಿಲ್ಲ, ಗದರಿಕೆ ಇಲ್ಲ. ಅದೇ ಮಾತು ಆಡಿ ಆಡಿ ಸಾಕಾಗಿ ಹೋದೋರ ದನಿ.

"ಅಜ್ಜಾ, ತಮಾಷೆ ಸಾಕು, ಬಾಗಿಲು ತೆಗೀರಿ" ಅಂದರು ಭಾವ.

"ಕೈ ಕೊಡಿ."

ಕೊಡದೆ ಇದ್ದರೆ ಅದು ಅಲ್ಲಿಂದ ಕದಲೋ ಹಾಗೆ ಕಾಣಲಿಲ್ಲ. ಭಾವ ಬಲಗೈ ಚಾಚಿದರು. ಮೂರು ಬೆರಳು ಮಣಿಕಟ್ಟಿನ ಮೇಲೆ ಕೂತವಂತೆ. ಒದ್ದೆ ಬೆರಳು. ಬಾವಿ ಹಗ್ಗದ ಹಾಗೆ ತಣ್ಣಗೆ. ಸ್ವಲ್ಪ ಹೊತ್ತು ಒತ್ತಿ ಹಿಡಿದು, ಬಿಟ್ಟವು.

"ಜ್ವರ ಇಲ್ಲ. ನೀವು ಹೋಗಬಹುದು."

ಕಿರ್‍ರ್‍ರ್... ಬಾಗಿಲು ಒಂದು ಮೈ ತೂರೋಷ್ಟು ತೆರೀತು. ಭಾವ "ಬಾರೇ, ಬಾ" ಅಂತ ಅಕ್ಕನ ಕೈ ಹಿಡಿದು ಎಳೆದರು.

"ಒಬ್ಬರೇ" ಅಂತು ದನಿ.

ಅಕ್ಕ ಕೈ ಬಿಡಿಸಿಕೊಂಡಳು. ಭಾವನ ಕಿವಿ ಹತ್ತಿರ ಬಂದು ಹೇಳಿದಳು: "ನೀವು ಹೋಗಿ. ಹೋಗಿ ಯಾರನ್ನಾದರೂ ಕರ್ಕೊಂಡು ಬನ್ನಿ. ನನ್ನ ಕೈ ನೋಡಿದರೆ ಅದು ಬಿಡಲ್ಲ."

"ಯಾಕೆ?"

"ಜ್ವರ ಇದೆ ರೀ. ಬೆಳಗ್ಗೆಯಿಂದ."

ಭಾವ ಅವಳ ಹಣೆ ಮುಟ್ಟಿ ನೋಡಿದರು. ಕಾದ ಬಾಣಲೆ.

ಬಾಗಿಲಾಚೆ ಒಂದು ಹೆಜ್ಜೆ ಇಟ್ಟರು. ಓಡಿಹೋಗಬೇಕು ಅಂತಲೇ ಇಟ್ಟಿದ್ದು, ಆಮೇಲೆ ಅಕ್ಕನ ಹತ್ತಿರ ಒಪ್ಪಿಕೊಂಡಿದ್ದಾರೆ. ಓಡಿ ಅಜ್ಜನನ್ನ ಕರ್ಕೊಂಡು ಬರೋಣ ಅಂತ. ಹೊರಗೆ ಬೆಳಕಿತ್ತು, ದೀಪ ಹಿಡಿದೋರು ಯಾರೂ ಕಾಣಲಿಲ್ಲ. ಪಡಸಾಲೆ ಉದ್ದಕ್ಕೂ ಕಣ್ಣು ಹಾಯಿಸಿದರು...

ಎಲ್ಲಾ ಕಿಂಡಿಯಿಂದಲೂ ಕೈ ಹೊರಗೆ ಚಾಚಿತ್ತು.

ಎರಡೂ ಕಡೆ, ಸಾಲಾಗಿ. ಗಂಡಸರದು, ಹೆಂಗಸರದು. ಒಂದು ಕಿಂಡಿಯ ಕೆಳ ಅಂಚಿನಲ್ಲಿ ಒಂದು ಪುಟ್ಟ ಕೈ. ಅಂಗೈ ಮೇಲೆ ಮಾಡಿಕೊಂಡು. ಎಷ್ಟು ಕಾಲದಿಂದ ಹಾಗೇ ಹಿಡಿದುಕೊಂಡಿದ್ದವೋ. ತೋಳು ಸೋತು ಸಣ್ಣಗೆ ನಡುಗ್ತಿದ್ದವಂತೆ.

ನಮ್ಮ ಭಾವ, ಬೆಕ್ಕಿಗೆ ಹೆದರೋ ಭಾವ... ಇಟ್ಟ ಹೆಜ್ಜೆ ಹಿಂದಕ್ಕೆ ತಗೊಂಡರು. ಒಳಗೆ ಬಂದು, ತಮ್ಮ ಕೈಯಾರೆ ಬಾಗಿಲು ಎಳೆದುಕೊಂಡರು.

ಟಕ್.

"ಯಾಕೆ ಬಂದ್ರಿ? ಹುಚ್ಚು ಹಿಡೀತಾ ನಿಮಗೆ?" ಅಕ್ಕ ಅಳೋಕೆ ಶುರು ಮಾಡಿದಳು.

"ಬಳೆ ಬಿಚ್ಚು" ಭಾವ ಪಿಸುಗುಟ್ಟಿದರು.

"ಏನು?"

"ನಿನ್ನ ಬಳೆ ಬಿಚ್ಚು ಅಂದೆ. ಬೇಗ!"

ಅಕ್ಕನ ಕೈಯಲ್ಲಿ ಎರಡು ಬೆಳ್ಳಿ ಬಳೆ ಇದ್ದವು. ಭಾವ ಒಂದನ್ನ ತಗೊಂಡು ಎಡಗೈಗೆ ತೂರಿಸೋಕೆ ನೋಡಿದರು. ಗಂಡಸಿನ ಕೈ, ಎಲ್ಲಿ ಹೋಗತ್ತೆ? ಹೆಬ್ಬೆರಳು ಮಡಚಿ, ಎಂಜಲು ಹಚ್ಚಿ, ಹಲ್ಲು ಕಚ್ಚಿ ತಳ್ಳಿದರು. ಗೆಣ್ಣಿನ ಚರ್ಮ ಕಿತ್ತು ಬಂತು. ಬಳೆ ಒಳಗೆ ಹೋಯ್ತು. ಇನ್ನೊಂದು ಹೋಗಲೇ ಇಲ್ಲ.

"ಇನ್ನೊಬ್ಬರು. ಕೈ ಕೊಡಿ."

ಭಾವ ಎಡಗೈ ಕಿಂಡಿಯಲ್ಲಿ ಇಟ್ಟರು. ಬೆರಳು ಬಂದು ಕೂತವು. ಈ ಸಲ ಬೇಗ ಬಿಡಲಿಲ್ಲ. ಒತ್ತಿದವು. ಸ್ವಲ್ಪ ಮೇಲೆ ಹೋಗಿ ಮತ್ತೆ ಒತ್ತಿದವು. ಬಳೆಯನ್ನ ಒಂದು ಸುತ್ತು ತಿರುಗಿಸಿ ನೋಡಿದವು.

"ಬಳೆ ಬಿಗಿ ಇದೆಯಲ್ಲಮ್ಮಾ."

ಭಾವ ಮಾತಾಡಿದರೆ ದನಿಯಲ್ಲೇ ಗೊತ್ತಾಗಿಬಿಡತ್ತೆ. ಅವರ ಬೆನ್ನಿಗೆ ಅಂಟಿಕೊಂಡು ನಿಂತಿದ್ದ ಅಕ್ಕ ಬಾಗಿ, ಕಿಂಡಿಗೆ ಬಾಯಿಟ್ಟು ಹೇಳಿದಳು: "ಹೌದು ಡಾಕ್ಟ್ರೇ... ಚಿಕ್ಕೋಳಿದ್ದಾಗ ಹಾಕಿದ್ದು. ತೆಗೆಯೋಕೆ ಬರಲ್ಲ."

ಬೆರಳು ಒತ್ತುತ್ತಲೇ ಇದ್ದವು. ಮೊದಲು ಕೈ ತಣ್ಣಗಾಯ್ತಂತೆ. ಆಮೇಲೆ ಜೋಮು ಹಿಡೀತು. ಆಮೇಲೆ ಅಲ್ಲೊಂದು ಕೈ ಇದೆ ಅನ್ನೋದೇ ಗೊತ್ತಾಗಲಿಲ್ಲವಂತೆ. ಭಾವ ತುಟಿ ಕಚ್ಚಿಕೊಂಡು ನಿಂತರು. ಎಳೆದುಕೊಳ್ಳಲಿಲ್ಲ.

"ಸರಿ" ಅಂತು ದನಿ. "ಇದು ಸಾಕು."

ಕಿರ್‍ರ್‍ರ್...

"ಕಣ್ಣು ಮುಚ್ಚಿಕೋ. ಏನೇ ಆದರೂ ಬಿಡಬೇಡ" ಅಂತ ಭಾವ ಬಲಗೈಯಲ್ಲಿ ಅವಳನ್ನ ತಬ್ಬಿ ಹಿಡಿದು ಪಡಸಾಲೆಯ ನಟ್ಟನಡುವೆ ಓಡಿದರು. ಅಕ್ಕ ಏನೂ ನೋಡಲಿಲ್ಲ. ಆದರೆ ಕೇಳಿದಳು. ಎರಡೂ ಕಡೆಯಿಂದ, ಸಣ್ಣ ದನಿಯಲ್ಲಿ, ತೀರ ಮರ್ಯಾದೆಯಿಂದ... "ನಮ್ಮದೂ ನೋಡೋಕೆ ಹೇಳಿ... ಅಮ್ಮಾ, ನಮ್ಮದೂ ಒಂದು ಸಲ ನೋಡೋಕೆ ಹೇಳಿ..."

ಅದನ್ನ ಹೇಳುವಾಗ ಮಾತ್ರ ಅಕ್ಕ ಈಗಲೂ ಸೆರಗಲ್ಲಿ ಮುಖ ಒರೆಸಿಕೋತಾಳೆ. ಭಯಕ್ಕಲ್ಲ. "ಏನೂ ಹೇಳದೆ ಬಂದುಬಿಟ್ಟೆನಲ್ಲೇ" ಅಂತಾಳೆ.

ಅಂಗಳಕ್ಕೆ ಬಂದು ಬಿದ್ದರೆ... ಎಲ್ಲಾ ಕಡೆ ದೀಪ. ಮೇಲೆ ಧಪ್ ಧಪ್ ಅಂತ ಮಣ್ಣು ಬಡಿಯೋ ಸದ್ದು. ಬಾವಿ ಕಟ್ಟೆ ಮೇಲೆ ಅಜ್ಜ ಆರಾಮಾಗಿ ಕೂತು ಟೀ ಹೀರ್ತಿದ್ದಾನೆ.

"ಯಾಕಪ್ಪಾ ಹಿಂಗೆ ಓಡಿ ಬಂದ್ರಿ? ಮುಚ್ಚೋಕೆ ಇನ್ನೂ ಹೊತ್ತಿದೆ."

"ಕರೆಂಟು ಹೋಗಿ... ಯಾರೋ ಚಿಲಕ ಹಾಕಿ..." ಅಂದರು ಭಾವ.

"ಕರೆಂಟು ಎಲ್ಲಿ ಹೋಗಿದೆ?"

ಭಾವನ ಮುಖ ನೋಡಿ ಅಜ್ಜನಿಗೆ ಏನನ್ನಿಸ್ತೋ, ಟೀ ಲೋಟ ಇಟ್ಟು ಒಳಗೆ ಹೋಗಿ ಬಂದ. "ಕೊನೇ ಕೋಣೆ ಬಾಗಿಲು ತೆರೆದೇ ಇದೆ. ಚಿಲಕ ಇದ್ದರೆ ತಾನೇ ಯಾರಾದರೂ ಹಾಕೋಕೆ?" ಅಂದ. ಅಕ್ಕನ ಕಡೆ ನೋಡಿ, "ಮೈ ಹುಷಾರಿಲ್ಲದೆ ಇದ್ದರೆ ಇಲ್ಲಿಗೆ ಬರಬೇಡಮ್ಮ" ಅಂದ. ಅಷ್ಟೇ. ಮತ್ತೆ ಟೀ ಲೋಟ ಎತ್ತಿಕೊಂಡ.

ಅಕ್ಕನ ಜ್ವರ ಕೆಲವು ದಿನದಲ್ಲಿ ಬಿಟ್ಟಿತು. ಮದುವೆ ಉಡುಪೂ ಹೊಲಿದು ಕೊಟ್ಟಳು. ಬಳೆಯನ್ನ ಸೋಪು ಹಾಕಿ, ಎಣ್ಣೆ ಹಾಕಿ ಹೇಗೋ ತೆಗೆದರು. ಭಾವ ಮಾತ್ರ ಎಷ್ಟೋ ದಿನ ತುಟಿ ಬಿಚ್ಚದೆ ಕ್ಷೌರ ಮಾಡಿದರು. ಗಿರಾಕಿಗಳೇ ಹೆದರಿ, "ಏನಯ್ಯಾ, ಒಂದು ಸುದ್ದಿಯಾದರೂ ಹೇಳು ಮಾರಾಯ" ಅಂತ ಬೇಡಿಕೊಳ್ಳೋ ಹಾಗಾಯ್ತು. ಆಮೇಲೆ ನಿಧಾನಕ್ಕೆ ಸರಿಹೋದರು. ತಮಾಷೆ ಬಂತು, ನಗು ಬಂತು. ನಾವೂ ಮರೆತೆವು.

ಮುಂದಿನ ವರ್ಷ ಇರಬೇಕು, ಅವರಿಗೆ ಹೊಟ್ಟೆನೋವು ಅಂತ ಆಸ್ಪತ್ರೆಗೆ ಕರ್ಕೊಂಡು ಹೋಗಿದ್ದು ನಾನೇ. ನರ್ಸಮ್ಮ ಬಂದು ಎಡಗೈ ಹಿಡಿದಳು. ಗಡಿಯಾರ ನೋಡಿದಳು. ಬೆರಳು ಸ್ವಲ್ಪ ಸರಿಸಿದಳು. ಇನ್ನೂ ಸ್ವಲ್ಪ ಸರಿಸಿದಳು. ನನ್ನ ಮುಖ ನೋಡಿದಳು. ಡಾಕ್ಟ್ರನ್ನ ಕರೆದಳು. ಅವರೂ ಹಿಡಿದು ನೋಡಿ, "ಕೆಲವರಿಗೆ ಹುಟ್ಟಿದಾಗಿಂದ ಹೀಗೆ ಇರತ್ತೆ, ರಕ್ತನಾಳ ಬೇರೆ ದಾರೀಲಿ ಹೋಗಿರತ್ತೆ. ಭಯಪಡೋದು ಬೇಡ" ಅಂದರು.

"ಹುಟ್ಟಿದಾಗಿಂದ ಇರಲಿಲ್ಲ ಸಾರ್" ಅಂದರು ಭಾವ. ಗೋಡೆ ಕಡೆ ತಿರುಗಿ ಮಲಗಿದರು.

ನಗಬೇಡಿ. ನಾನೇ ಹಿಡಿದು ನೋಡಿದೀನಿ, ಆಸ್ಪತ್ರೇಲೂ ನೋಡಿದೀನಿ, ಮೊನ್ನೆ ಅವರ ಮನೆಗೆ ಹೋದಾಗಲೂ ನೋಡಿದೀನಿ. ಬಲಗೈ ಹಿಡಿದರೆ ಟಕ್, ಟಕ್, ಟಕ್... ನಮ್ಮ ನಿಮ್ಮ ಹಾಗೇ. ಎಡಗೈ ಬೆಚ್ಚಗಿದೆ, ಬೆರಳು ಆಡತ್ತೆ, ಕತ್ತರಿ ಹಿಡಿಯತ್ತೆ, ಉಗುರೂ ಬೆಳೆಯತ್ತೆ. ಆದರೆ ನಾಡಿ ಇಲ್ಲ.