ಬಂಡೆಯ ಬುಡದಲ್ಲಿ ಅರ್ಧಕ್ಕೆ ನಿಂತ ಗಂಟು

ಪರಿಚಿತರೆಲ್ಲ ‘ದೊಡ್ಡಪ್ಪ’ ಎಂದೇ ಕರೆಯುವ, ಎಪ್ಪತ್ತೊಂದು ವರ್ಷ ವಯಸ್ಸಿನ, ನಿವೃತ್ತ ಉಪಾಧ್ಯಾಯನಾದ, ರಾಷ್ಟ್ರೀಯ ಉದ್ಯಾನದ ಹೆಬ್ಬಾಗಿಲಿನೆದುರು ತಮ್ಮನ ಮನೆಯ ಮಹಡಿಯಲ್ಲಿ ವಾಸವಾಗಿರುವ ನಾನು, ಭಗವಂತನನ್ನು ಸಾಕ್ಷಿಯಾಗಿರಿಸಿಕೊಂಡು ಈ ಮೂಲಕ ತಿಳಿಸುವುದೇನೆಂದರೆ:

ಮೃತನು ನನ್ನ ತಮ್ಮನ ಮಗ. ಉದ್ಯಾನದ ಕಲ್ಲುಶಿಖರಕ್ಕೆ ಜನರನ್ನು ಹತ್ತಿಸುವ ಮಾರ್ಗದರ್ಶಿ. ಅವನ ಹೆಂಡತಿಯದೂ ಅದೇ ವೃತ್ತಿ. ಆಕೆ ಕೆಳಗೆ ನಿಂತು ಹಿಡಿದಿದ್ದ ಹಗ್ಗವನ್ನು ಕೈಬಿಟ್ಟದ್ದರಿಂದಲೇ ಮಗ ಸತ್ತನೆಂದು ತಮ್ಮನು ದೂರು ಕೊಟ್ಟಿದ್ದಾನೆ. ನಾನು ಅಲ್ಲಿಯೇ ಇದ್ದೆನು.

ಇಂದು ಬೆಳಿಗ್ಗೆ ಏಳು ಗಂಟೆಗೆ, ಪ್ರವಾಸಿಗರು ಬರುವ ಮುನ್ನ ಬಂಡೆಯ ದಾರಿಯನ್ನು ಪರೀಕ್ಷಿಸಲು ಹೊರಟ ಅವರೊಡನೆ ನಾನೂ ಶಿಖರದ ಬುಡದವರೆಗೆ ಹೋದೆನು. ಹಗ್ಗವು ಮೇಲಿನ ಉಂಗುರವನ್ನು ಹಾದು ಎರಡೂ ತುದಿ ಕೆಳಗೆ ಬಂದಿದ್ದವು; ಒಂದು ಹತ್ತುವ ಅವನಿಗೆ, ಇನ್ನೊಂದು ಕೆಳಗೆ ನಿಂತು ಹಿಡಿಯುವ ಸೊಸೆಗೆ. ಹತ್ತುವವನು ಹಗ್ಗದಲ್ಲಿ ಎಂಟರ ಆಕಾರದ ಗಂಟು ಹಾಕಿ, ತುದಿಯನ್ನು ಸೊಂಟಪಟ್ಟಿಯೊಳಗೆ ತೂರಿಸಿ, ಅದೇ ಗಂಟಿನ ಜಾಡಿನಲ್ಲಿ ಮರಳಿ ಹೆಣೆಯಬೇಕು. ಅವನು ತುದಿಯನ್ನು ತೂರಿಸಿದ್ದ ಹೊತ್ತಿಗೆ ನನ್ನ ಬೂಟಿನ ದಾರ ಬಿಚ್ಚಿಕೊಂಡಿತು. ಸೊಂಟನೋವಿನಿಂದ ಬಗ್ಗಲಾರದೆ ಅವನನ್ನು ಕರೆದೆನು. ಕೈಯಲ್ಲಿದ್ದುದನ್ನು ಬಿಟ್ಟು ಬಂದು, ಮಂಡಿಯೂರಿ ಕಟ್ಟಿದನು.

ಸೊಸೆಯು, “ದೊಡ್ಡಪ್ಪ ಕರೆದ್ರೆ ತಕ್ಷಣ ಬಗ್ತೀರ. ನನ್ನ ಮಾತಿಗೆ ಒಂದಿನನಾದ್ರೂ ಬಗ್ಗಿದ್ದುಂಟಾ?” ಎಂದು ಛೇಡಿಸಿದಳು. “ಬಗ್ಗಿದ್ರೆ ತಲೆ ಮೇಲೆ ಕೂತ್ಕೋತೀಯಲ್ಲೇ” ಎಂದನು. ಮೂವರೂ ನಕ್ಕೆವು. ಹತ್ತುವ ಮುನ್ನ ಹಗ್ಗ ಹಿಡಿಯುವವರು ಹತ್ತುವವರ ಗಂಟನ್ನು ಜಗ್ಗಿ ನೋಡುವುದು ಅವರ ನಿಯಮ. ಆ ನಗುವಿನಲ್ಲಿ ಅದು ತಪ್ಪಿತು. ಅವನೂ ಗಂಟಿನತ್ತ ಮತ್ತೆ ನೋಡದೆ ನೇರವಾಗಿ ಬಂಡೆ ಹತ್ತತೊಡಗಿದನು.

ಎಪ್ಪತ್ತು ಅಡಿಯಷ್ಟು ಏರಿದ ಮೇಲೆ ಅವನು, “ಹಿಡ್ಕೊಂಡ್ಯಾ?” ಎಂದು ಕೇಳಿದನು. “ಹಿಡ್ಕೊಂಡಿದೀನಿ, ಕೂತ್ಕೊಳ್ಳಿ” ಎಂದಳು. ಅವನು ಹಗ್ಗದ ಮೇಲೆ ಭಾರ ಬಿಟ್ಟನು. ಮರುಕ್ಷಣ ನನ್ನಿಂದ ನಾಲ್ಕು ಮಾರು ದೂರದಲ್ಲಿ ಕಲ್ಲಿನ ಮೇಲಿದ್ದನು. ಕೂಗಲಿಲ್ಲ. ಕಣ್ಣು ತೆರೆದೇ ಇದ್ದವು. ಇಷ್ಟು ಬೇಗ ಇಳಿದುಬಂದನೇ ಎಂದು ನಾನು ಮೊದಲು ತಿಳಿದೆನು.

ಸೊಸೆಯು ನಿಂತಲ್ಲಿಯೇ ಇದ್ದಳು. ಉದ್ಯಾನದ ಕಾವಲುಗಾರರು ಬಂದು ಆಕೆಯ ಮುಷ್ಟಿಯಿಂದ ಹಗ್ಗವನ್ನು ಬೆರಳು ಬೆರಳಾಗಿ ಬಿಡಿಸಬೇಕಾಯಿತು. ಅವರು ಮೇಲಿನಿಂದ ಇಳಿಸಿದ, ಅವನ ಕಡೆಯ ತುದಿ ಹರಿದಿರಲಿಲ್ಲ. ಎಂಟರ ಗಂಟು ಒಂಟಿಯಾಗಿ ಹಾಗೆಯೇ ಇದ್ದಿತು. ತುದಿಯನ್ನು ಮರಳಿ ಹೆಣೆಯದಿದ್ದುದರಿಂದ ಭಾರ ಬಿದ್ದೊಡನೆ ಅದು ಸೊಂಟಪಟ್ಟಿಯಿಂದ ಜಾರಿಹೋಗಿದ್ದಿತು.

ಆದಕಾರಣ ಸೊಸೆಯು ಹಗ್ಗ ಬಿಟ್ಟವಳಲ್ಲ. ಅವನ ಕೈಗೆಲಸವನ್ನು ನಡುವೆ ತಡೆದವನು ನಾನು. ಠಾಣೆಯ ಮೆಟ್ಟಿಲಲ್ಲಿ ಇದನ್ನು ತಿಳಿಸಿದಾಗ ತಮ್ಮನು ನನ್ನ ತೋಳು ಹಿಡಿದು, “ಅಣ್ಣ, ಬೂಟಿನ ಮಾತು ಎತ್ತಬೇಡ. ಮಗ ಹೋದ, ಇನ್ನು ನಿನ್ನ ಮೇಲೂ ದ್ವೇಷ ಇಟ್ಕೊಂಡು ಹೇಗೆ ಬದುಕಲಿ” ಎಂದನು. ಅದನ್ನು ಮರೆಮಾಚಿದರೆ ಆ ಹೆಣ್ಣುಮಗಳ ಮೇಲಿನ ದೂರು ಉಳಿಯುವುದರಿಂದ ಬರೆಯಿಸಿದ್ದೇನೆ.

ಮೇಲ್ಕಂಡುದು ನಾನು ಕಂಡಂತೆಯೇ ನುಡಿದ ಸತ್ಯ. ಓದಿ ಹೇಳಿದ್ದನ್ನು ಕೇಳಿದ್ದೇನೆ. ಬಾಗಿಲಲ್ಲಿ ನಿಂತು ತಮ್ಮನೂ ಕೇಳಿದ್ದಾನೆ.

ಸ್ಥಳ: ಉದ್ಯಾನದ ಹೊರಠಾಣೆ
ದಿನಾಂಕ: ಘಟನೆಯ ದಿನ, ಸಾಯಂಕಾಲ
(ಸಹಿ) ಮೃತನ ದೊಡ್ಡಪ್ಪ