ಹಳೆ ಗೆರೆಯ ಮೇಲೆ ಮಡಿಸಿದ ಸೀರೆ

ತಾಯಂದಿರೇ, ಮಗ್ಗದ ಸದ್ದು ಕೇಳಿಯೇ ಬೆಳಗಾಯಿತೆಂದು ತಿಳಿಯುವ ಒಂದು ಊರನ್ನು ಮನಸ್ಸಿಗೆ ತಂದುಕೊಳ್ಳಿ. ಆ ಊರಿನಲ್ಲೊಬ್ಬ ಸಾಹುಕಾರ. ಅವನ ಹೆಸರು ಹೇಳುವುದಿಲ್ಲ. ಹೇಳಿದರೆ ನೀವು ಅವನ ಕಥೆಯೆಂದು ಆರಾಮಾಗಿ ಕೇಳಿಬಿಡುತ್ತೀರಿ.

ಬಟ್ಟೆಯ ವಿಷಯದಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ಸೀರೆಯ ಅಂಚನ್ನು ಹೆಬ್ಬೆರಳಿನಲ್ಲಿ ಸವರಿ, ಇದು ಯಾವ ಓಣಿಯ ಮಗ್ಗದ್ದು, ಬಣ್ಣ ಗಿಡದ್ದೋ ಡಬ್ಬಿಯದೋ, ನೇಯ್ದು ಎಷ್ಟು ವರ್ಷವಾಯಿತು, ಎಲ್ಲವನ್ನೂ ಹೇಳುತ್ತಿದ್ದ. ಮಹಡಿಯ ತುಂಬ ತೇಗದ ಅಲಮಾರಿಗಳು. ಅವುಗಳಲ್ಲಿ ಅಜ್ಜಿ, ಮುತ್ತಜ್ಜಿಯರ ಕಾಲದ ರೇಷ್ಮೆ ಸೀರೆಗಳು, ಕುಪ್ಪಸದ ಖಣಗಳು. ಒಂದೊಂದಕ್ಕೂ ಉದ್ದ, ಅಗಲ, ಎಳೆಯ ಲೆಕ್ಕ ಬರೆದ ಚೀಟಿ. ಕಾಲೇಜಿನವರು ಬಂದು ನೋಡಿ ಹೋಗುತ್ತಿದ್ದರು.

ಆ ಸೀರೆಗಳನ್ನು ಜೋಪಾನ ಮಾಡುತ್ತಿದ್ದವಳು ಅವನ ತಂಗಿ ನೀಲವ್ವ. ಗಂಡ ತೀರಿಕೊಂಡ ಮೇಲೆ ಅಣ್ಣನ ಮನೆಗೆ ಬಂದವಳು. ದೀಪಾವಳಿ ಕಳೆದು ಗಾಳಿ ಒಣಗಿತೆಂದರೆ ಸಾಕು, ಎಲ್ಲ ಸೀರೆಗಳನ್ನೂ ಹೊರತೆಗೆದು ನೆರಳಲ್ಲಿ ಹರವುವಳು. ಮತ್ತೆ ಮಡಿಸುವಾಗ ಹಳೆಯ ಗೆರೆ ಬಿಟ್ಟು, ನಾಲ್ಕು ಬೆರಳು ಆಚೆ ಹೊಸ ಗೆರೆ ಹಾಕುವಳು. ಹೀಗಾಗಿ ಅಂಚಿಗೆ ಅಂಚು ಕೂಡುತ್ತಿರಲಿಲ್ಲ. ಸಾಹುಕಾರನಿಗೆ ಅದನ್ನು ಕಂಡರೆ ಮೈ ಉರಿ.

"ಅಂಗಡ್ಯಾಗ ಮಡಿಚಿದಂಗ ಇರಬೇಕು ನೀಲಾ. ನೀ ಮಡಿಚಿದ್ರ ಜನಾ ಸೀರಿ ಅನ್ನಂಗಿಲ್ಲ, ಹಾಸಿಗಿ ಅಂತಾರ."

"ಅಂಗಡ್ಯಾನ ಸೀರಿ ನಾಳೆ ಯಾರರೆ ಒಯ್ತಾರ ಅಣ್ಣಾ. ಇವು ಇಲ್ಲೇ ಇರಾವು. ಒಂದ ಗೆರಿ ಮ್ಯಾಲ ಎಷ್ಟು ವರ್ಷಾ ಭಾರ ಹೊರಬೇಕು ಅವು?"

ಒಂದು ವರ್ಷ ನೇಕಾರರ ಓಣಿಯ ಹುಡುಗಿಯೊಬ್ಬಳ ಮದುವೆ ಬಂತು. ನೀಲವ್ವ ತನ್ನ ತಾಯಿಯ ಚಂದ್ರಕಾಳಿ ಸೀರೆಯನ್ನು ಅವಳಿಗೆ ಉಡಲು ಕೊಟ್ಟಳು. ಕಪ್ಪು ರೇಷ್ಮೆಯ ಮೈ, ಕೆಂಪು ಬಿಳಿ ಪಟ್ಟಿಯ ಸೆರಗು, ಅದರ ಮೇಲೆ ತಾಯಿಯೇ ಕೂತು ಹಾಕಿದ ಕಸೂತಿ. ಎರಡು ದಿನಕ್ಕೆ ಸೀರೆ ತಿರುಗಿ ಬಂತು. ಬಂದಾಗ ಸೆರಗು ಮೇಲಾಗಿ ಮಡಿಸಿತ್ತು. ಸೆರಗಿನ ಬಿಳಿ ಪಟ್ಟಿಯ ಮೇಲೆ, ಅಂಗೈಯಗಲ, ಅರಿಸಿನದ ಕಲೆ.

ಸಾಹುಕಾರ ನೋಡಿದ. ಪಡಸಾಲೆಯಲ್ಲಿ ಬೀಗರು ಕೂತಿದ್ದರು. ಅವರೆದುರಿಗೇ ಅಂದ: "ನಿನ್ನ ಕೈಯಾಗ ಯಾವುದೂ ಉಳಿಯಂಗಿಲ್ಲ. ಕೆಡಿಸಿದ್ದನ್ನ ನೀನ ಇಟಗೋ."

ನೀಲವ್ವ ಏನೋ ಹೇಳಲು ಬಾಯಿ ತೆರೆದಳು. ಅವನು ಆಗಲೇ ಎದ್ದು ಅಲಮಾರಿಗಳಿಗೆ ಬೀಗ ಹಾಕುತ್ತಿದ್ದ. ಆಕೆ ಸೀರೆಯನ್ನು ಬಗಲಲ್ಲಿ ಇಟ್ಟುಕೊಂಡು ನೇಕಾರರ ಓಣಿಯಲ್ಲಿ ಒಂದು ಕೋಣೆ ಹಿಡಿದಳು.

ಹನ್ನೆರಡು ವರ್ಷ. ಊರು ಒಂದೇ, ಬಾವಿ ಒಂದೇ, ಗುಡಿ ಒಂದೇ. ಆದರೂ ಹನ್ನೆರಡು ವರ್ಷ. ಯಾರಾದರೂ ತಂಗಿಯ ಮಾತೆತ್ತಿದರೆ ಸಾಹುಕಾರನ ಬಾಯಲ್ಲಿ ಅದೇ ಮಾತು: "ಆಕೀಗೆ ಸಾಮಾನಿನ ಬೆಲಿ ಗೊತ್ತಿಲ್ಲ." ಅಲಮಾರಿಯೊಳಗೆ ಮಾತ್ರ ಈಗ ಅಂಚಿಗೆ ಅಂಚು ಕೂಡಿತ್ತು. ಅಂಗಡಿಯಲ್ಲಿ ಮಡಿಸಿದ ಹಾಗೆ, ಒಂದರ ಮೇಲೊಂದು ಒತ್ತಾಗಿ. ಅವನು ಬಾಗಿಲು ತೆರೆದು ನೋಡುತ್ತಿದ್ದ, ಸಂತೋಷಪಡುತ್ತಿದ್ದ, ಮುಚ್ಚುತ್ತಿದ್ದ. ಬಿಚ್ಚುತ್ತಿರಲಿಲ್ಲ.

ಸಾಹುಕಾರನ ಮೊಮ್ಮಗಳ ಮದುವೆ ಗೊತ್ತಾಯಿತು. ಆ ಮನೆಯಲ್ಲೊಂದು ಪದ್ಧತಿ. ತಲೆಯ ಮೇಲೆ ಅಕ್ಕಿಕಾಳು ಬೀಳುವ ಹೊತ್ತಿಗೆ ಮದುಮಗಳು ಮನೆಯ ಹಿರಿಯಳೊಬ್ಬಳ ಸೀರೆಯಲ್ಲಿ ನಿಂತಿರಬೇಕು. ಹೊಸ ಸೀರೆ ಎಷ್ಟಾದರೂ ಇರಲಿ, ಆ ಗಳಿಗೆಗೆ ಹಳೆಯದೇ ಆಗಬೇಕು. ನಾಲ್ಕು ತಲೆಮಾರಿನಿಂದ ಅದು ತಪ್ಪಿಲ್ಲ. ಮೊಮ್ಮಗಳು ಚಿಕ್ಕಂದಿನಿಂದ ಆ ದಿನಕ್ಕೆ ಕಾದವಳು. ಸಾಹುಕಾರ ತನ್ನ ಅಜ್ಜಿಯ ಸೀರೆಯನ್ನು ತಾನೇ ತೆಗೆದು ಅವಳ ಕೈಗಿಟ್ಟ.

ಅವಳು ಬಿಚ್ಚಿದಳು. ಪರ್ರೆಂದು ಸಣ್ಣಗೆ ಸದ್ದಾಯಿತು.

"ಇಲಿ ಕಡಿದಾವೇನು ಮುತ್ಯಾ?"

ಸಾಹುಕಾರ ಬಗ್ಗಿ ನೋಡಿದ. ಮಡಿಸಿದ ಗೆರೆಯ ಉದ್ದಕ್ಕೂ, ಈ ತುದಿಯಿಂದ ಆ ತುದಿಗೆ, ದಾರ ಹಿಡಿದು ಎಳೆದ ಹಾಗೆ ಸೀಳು. "ಇಲಿ ಇಷ್ಟು ನೆಟ್ಟಗ ಕಡಿಯಂಗಿಲ್ಲ ಯವ್ವಾ" ಅಂದ. ಇನ್ನೊಂದು ಸೀರೆ ತೆಗೆದ. ಮತ್ತೊಂದು. ಏಳು ಸೀರೆಗಳೂ ಹಾಗೇ ಸೀಳಿದ್ದವು; ಎಂಟನೆಯದನ್ನು ಬಿಚ್ಚುವ ಧೈರ್ಯ ಬರಲಿಲ್ಲ.

ಗಮನಿಸಿ, ಆ ಸೀರೆಗಳನ್ನು ಯಾರೂ ಉಟ್ಟಿರಲಿಲ್ಲ, ಒಗೆದಿರಲಿಲ್ಲ, ಬಿಸಿಲಿಗೆ ಹಾಕಿರಲಿಲ್ಲ. ಮತ್ತೆ ಹರಿದದ್ದೆಲ್ಲಿ? ಮಡಿಸಿದ ಕಡೆಯೇ ಹರಿದಿತ್ತು. ಬಟ್ಟೆಯ ವಿಷಯವೆಲ್ಲ ಗೊತ್ತಿದ್ದವನಿಗೆ ಇದೂ ಗೊತ್ತಾಗಬೇಕಿತ್ತು. ಗೊತ್ತಿದ್ದವಳು ಹೇಳಿಯೂ ಇದ್ದಳು.

"ಹೊಸಾದ ಉಟಗೋತೀನಿ ಬಿಡು ಮುತ್ಯಾ" ಎಂದಳು ಮೊಮ್ಮಗಳು. ದನಿ ಸಣ್ಣದಾಗಿತ್ತು. ಇಷ್ಟು ಅಲಮಾರಿಗಳಿದ್ದೂ ಈ ಒಂದು ಕೂಸಿಗೆ ಒಂದು ಸೀರೆ ಇಲ್ಲವಲ್ಲ ಎಂದುಕೊಂಡ.

"ಒಂದ ಐತಿ" ಅಂದ. "ನಿಮ್ಮ ನೀಲಾ ಆಯಿ ಕಡೆ."

"ಕೇಳಾವರು ಯಾರು?"

ಅವನು ಅಲಮಾರಿಯ ಬಾಗಿಲು ಮುಚ್ಚಿದ. ಅವಳೇ ಹೇಳಿದಳು: "ನೀನ ಹೋಗಬೇಕು ಮುತ್ಯಾ."

ಹೋದ. ನೇಕಾರರ ಓಣಿಯ ತುಂಬ, ಮಗ್ಗಕ್ಕೇರಿಸುವ ಮೊದಲು, ಹಾಸುನೂಲು ಉದ್ದಕ್ಕೆ ಎಳೆದಿದ್ದರು. ದಾಟಲಾಗದೆ ಗೋಡೆಗೆ ಬೆನ್ನು ಹಚ್ಚಿ ಸರಿಯುತ್ತಾ ಬಂದ ಅಣ್ಣನನ್ನು ನೀಲವ್ವ ಬಾಗಿಲಿಂದಲೇ ನೋಡಿದಳು.

"ಬಾ ಅಣ್ಣಾ. ಹನ್ನೆರಡು ವರ್ಷದ ಹಾದಿ, ದಣಿದಿರಬೇಕು. ನೀರು ಕುಡಿ."

ಅವನು ನೀರು ಕುಡಿದ. ಮೊಮ್ಮಗಳ ಮದುವೆ, ಸೀರೆಗಳು ಹರಿದ ಸುದ್ದಿ ಎಲ್ಲ ಹೇಳಿ, ಅವ್ವನ ಸೀರೆ ಬೇಕಿತ್ತು ಅಂದ. ಆಕೆ ನಗಲಿಲ್ಲ. "ಅಜ್ಜೀ ಸೀರಿನೂ?" ಎಂದು ಕೇಳಿ ಸೆರಗಿನಿಂದ ಕಣ್ಣೊರೆಸಿಕೊಂಡಳು. ಆಮೇಲೆ ಅಂದಳು: "ಅವ್ವನ ಸೀರಿ ನನ್ನ ಕಡೆ ಇಲ್ಲ."

ಸಾಹುಕಾರ ಖಾಲಿ ಲೋಟ ಕೆಳಗಿಟ್ಟ.

"ಮೂರನೇ ಮನ್ಯಾಗ ಐತಿ. ಹೋದ ಸೋಮವಾರ ಅವರ ಮಗಳು ಉಟ್ಟಿದ್ಲು. ಈ ಓಣ್ಯಾಗ ಅದನ್ನ ಉಡದ ಮದುಮಗಳಿಲ್ಲ. ನಲವತ್ತರ ಮ್ಯಾಲಾದ್ರು."

ಸೀರೆ ತರಿಸಿದಳು. ಸಾಹುಕಾರ ಬಿಚ್ಚಿದ. ಅಂಚಿನಲ್ಲಿ ಎರಡು ಕಡೆ ರಫು ಮಾಡಿತ್ತು, ಬಣ್ಣ ಮೆತ್ತಗಾಗಿತ್ತು. ಮೈಯಲ್ಲಿ ಒಂದು ಸೀಳೂ ಇರಲಿಲ್ಲ. ನಲವತ್ತು ಮನೆಗಳಲ್ಲಿ ನಲವತ್ತು ರೀತಿಯಲ್ಲಿ ಮಡಿಸಿದ್ದರು. ಯಾವ ಗೆರೆಗೂ ಒಂದೇ ಕಡೆ ಕೂತು ರೇಷ್ಮೆಯನ್ನು ಕಡಿಯಲು ಪುರುಸೊತ್ತು ಸಿಕ್ಕಿರಲಿಲ್ಲ.

ಸೆರಗು ಬಂತು. ಕಲೆಯೂ ಬಂತು. ಅವನು ಕಣ್ಣು ತಪ್ಪಿಸಿದ.

"ನೋಡು" ಅಂದಳು ನೀಲವ್ವ. "ಹತ್ತಿರ ಹಿಡಿದು ನೋಡು. ನೀ ಬಟ್ಟಿ ಓದಾಂವ ಅಲ್ಲ?"

ಅವನು ಬೆಳಕಿಗೆ ಹಿಡಿದ. ಕಲೆಯ ನಟ್ಟನಡುವೆ ಹಸಿರು ದಾರದ ಒಂದು ಸಣ್ಣ ತೊಟ್ಟಿಲು. ಅರಿಸಿನ ಬಟ್ಟೆಗೆ ಹಿಡಿದಿತ್ತು. ತೊಟ್ಟಿಲಿನ ದಾರಕ್ಕೆ ಒಂದು ಚೂರೂ ಹತ್ತಿರಲಿಲ್ಲ. ಹೆಬ್ಬೆರಳು ಆ ದಾರದ ಮೇಲೆಯೇ ನಿಂತುಬಿಟ್ಟಿತು. ಕಲೆ ಮೊದಲು, ಹೊಲಿಗೆ ಆಮೇಲೆ. ಹೊಲಿದವಳು ತಾಯಿ.

"ಇದು ಆ ಹುಡುಗೀದಲ್ಲ" ಅಂದ, ಮೆಲ್ಲಗೆ.

"ಅವ್ವನ ಮದುವೀದು. ಆಕೀಗೆ ನಾಚಿಕಿ, ಮುಂದ ಎಂದೂ ಉಡಲಿಲ್ಲ, ಸೆರಗು ಒಳಗ ಮಾಡೇ ಮಡಿಚಿಡು ಅಂತಿದ್ಲು. ನಾನೂ ಹಂಗ ಇಡತಿದ್ದೆ. ನೇಕಾರರ ಮನಿಯವರಿಗೇನು ಗೊತ್ತು, ಸೆರಗು ಮ್ಯಾಲ ಮಾಡಿ ಕಳಿಸಿದ್ರು. ಅಂಚು ನೋಡೇ ಚೀಟಿ ಬರದಾಂವ ನೀ, ಅವತ್ತ ಮೊದಲನೇ ಸಲ ಅವ್ವನ ಸೆರಗು ನೋಡಿದಿ."

"ತೊಟ್ಟಿಲಾ?"

"ಅದು ನಿನ್ನ ಬಾಣಂತನದಾಗ ಹೊಲಿದದ್ದು. ಕಲಿ ಮ್ಯಾಲ ನಿನ್ನ ತೊಟ್ಟಿಲಾ ಕೂಡಿಸಿದ್ಲು."

ಎಳೆಯ ಲೆಕ್ಕ ಬರೆದಿಟ್ಟವನು ತನ್ನ ತೊಟ್ಟಿಲನ್ನೇ ನೋಡಿರಲಿಲ್ಲ. "ಬೀಗರ ಮುಂದ ಅಂದೆ" ಎಂದ.

"ಹೌದು, ಅಂದಿ. ಈಗ ಮದುವೀಗೆ ಬರೋ ಬೀಗರ ಮುಂದನ ನನ್ನ ಕರಿ." ಆಕೆ ಸೀರೆಯ ಒಂದು ತುದಿ ಹಿಡಿದು ಎದ್ದಳು. "ಮದುವಿ ಆದ ಮೂರನೇ ದಿನಕ್ಕ ಇದು ವಾಪಸ್ ಬರಬೇಕು, ಇನ್ನೊಬ್ಬಾಕಿಗೆ ಮಾತು ಕೊಟ್ಟೇನಿ. ಏಳು, ಆ ತುದಿ ಹಿಡಿ. ಹಳೆ ಗೆರಿ ಮ್ಯಾಲ ಬ್ಯಾಡ, ನಾಲ್ಕು ಬೆರಳು ಆಚೆ."

ಸಾಹುಕಾರ ಎದ್ದು ಇನ್ನೊಂದು ತುದಿ ಹಿಡಿದ. ಮಡಿಸುವಾಗ ಸೆರಗನ್ನು ಮೇಲೆ ಮಾಡಿದವನು ಅವನೇ.

ಇಲ್ಲಿಗೆ ಸಾಹುಕಾರನನ್ನು ಬಿಡೋಣ. ನಿಮ್ಮ ಕಡೆ ಬರೋಣ.

ನೋಡಿ, ನಿಮ್ಮ ಮನೆಯಲ್ಲೂ ಇಂಥ ಅಲಮಾರಿ ಇದೆ. ‘ನಮ್ಮ ನಾದಿನಿ ಜಿಪುಣಿ.’ ಇದನ್ನು ಯಾವಾಗ ಮಡಿಸಿ ಇಟ್ಟಿರಿ? ‘ನನ್ನ ಸೊಸೆಗೆ ದೊಡ್ಡವರೆಂದರೆ ಲೆಕ್ಕವಿಲ್ಲ.’ ಇದನ್ನು? ಹತ್ತು ವರ್ಷದ ಹಿಂದೆ ಯಾವುದೋ ಮಧ್ಯಾಹ್ನ, ಯಾವುದೋ ಒಂದು ಮಾತಿಗೆ, ಒಂದು ಗೆರೆ ಹಾಕಿದಿರಿ. ಅಂದಿನಿಂದ ಅವರನ್ನು ಅದೇ ಗೆರೆಯ ಮೇಲೆ ಮಡಿಸುತ್ತಿದ್ದೀರಿ. ನೀಟಾಗಿ ಕಾಣುತ್ತದೆ, ಹೌದು. ಬಿಚ್ಚಿ ನೋಡಿದ್ದೀರಾ?

ನಾನು ಎಚ್ಚರದಿಂದಲೇ ಹೇಳುತ್ತೇನೆ. ನಿಮ್ಮ ಮೇಲೆ ಕೈಯೆತ್ತಿದವರನ್ನು, ಮೋಸ ಮಾಡುತ್ತಲೇ ಇರುವವರನ್ನು ಒಳಗೆ ಕರೆದುಕೊಳ್ಳಿ ಎಂದು ನಾನು ಹೇಳುತ್ತಿಲ್ಲ. ಕೆಲವು ಕಲೆಗಳು ನಿಜವಾಗಿಯೂ ಅವರು ಮಾಡಿದ್ದೇ. ಆದರೆ ಎಲ್ಲವೂ ಅಲ್ಲ. ಯಾವುದು ಯಾವುದೆಂದು ಬಿಚ್ಚದೆ ತಿಳಿಯುವುದಿಲ್ಲ.

ಮನೆಗೆ ಹೋದ ಮೇಲೆ ಬೀರು ತೆಗೆಯಿರಿ. ಒಂದೇ ಒಂದು ಹಳೆಯ ಸೀರೆ ಹೊರತೆಗೆದು, ಗೆರೆ ಬದಲಿಸಿ ಮಡಿಸಿ. ಕೈ ಆ ಕೆಲಸ ಮಾಡುತ್ತಿರುವಾಗ ಮನಸ್ಸಿನಲ್ಲಿ ಒಬ್ಬರನ್ನು ಹೊರತೆಗೆಯಿರಿ. ಒಬ್ಬರು ಸಾಕು. ನಾಳೆ ಅವರ ಹತ್ತಿರ ಹೋಗಿ, ‘ಅವತ್ತು ಏನಾಗಿತ್ತು?’ ಎಂದು ಕೇಳಿ. ಕೇಳಿದ ಮೇಲೆ ಸುಮ್ಮನಿರಿ. ಅವರು ಬಾಯಿ ತೆರೆಯುವ ಹೊತ್ತಿಗೆ ನಿಮ್ಮ ಕೈ ಬೀಗದ ಮೇಲೆ ಇರದಿರಲಿ.